ಏಳನೆಯ ಕಲಮು

ಮಧ್ಯಾಹ್ನ ಮೂರರೊಳಗೆ ಜಮಖಂಡಿಯ ಕೋರ್ಟಿನ ಆವರಣಕ್ಕೆ ಬಂದು ನೋಟರಿಯ ಮುಂದೆ ಸಹಿ ಮಾಡಬೇಕು, ನಾಲ್ಕರ ಬಸ್ಸಿಗೆ ಕಾಗದವೆಲ್ಲ ಬೆಳಗಾವಿಗೆ ಹೋಗಬೇಕು ಎಂದು ಗಿರಿಮಲ್ಲಪ್ಪ ಬೆಳಗಿನಿಂದ ಮೂರನೆಯ ಸಲ ಫೋನು ಮಾಡಿ ಹೇಳಿದ. ನೀಲಕಂಠ ಮೂರನೆಯ ಸಲವೂ ಹೂಂ ಅಂದ. ಹೂಂ ಅನ್ನಲಿಕ್ಕೆ ಯಾರಪ್ಪನ ಗಂಟು ಹೋಗುತ್ತದೆ? "ಬರೇ ಹೂಂ ಅನಬ್ಯಾಡ್ರಿ ಸರ. ಮದ್ಲನೇ ಹೆಸರ ನಿಮ್ದು. ನಿಮ್ಮ ಅಫಿಡವಿಟ್ ಇಲ್ಲಂದ್ರ ಹನ್ನೊಂದ ಮಂದಿ ಅರ್ಜಿ ನೀರಾಗ ಹೋಮಾ ಮಾಡಿದಂಗ ಆಗತೈತಿ," ಎಂದ ಗಿರಿಮಲ್ಲಪ್ಪ. ಅವನು ಬೀಳಗಿ ಕಡೆಯ ಪಶು ಆಸ್ಪತ್ರೆಯಲ್ಲಿ ಇವನ ಹಾಗೆಯೇ ಲ್ಯಾಬ್ ಟೆಕ್ನಿಶಿಯನ್, ಇವನಿಗಿಂತ ಹನ್ನೆರಡು ವರ್ಷ ಚಿಕ್ಕವನು, ಸಂಘದ ಕಾರ್ಯದರ್ಶಿ. ಆರೋಗ್ಯ ಇಲಾಖೆಯ ಟೆಕ್ನಿಶಿಯನ್ನನಿಗೂ ತಮಗೂ ಓದು ಒಂದೇ, ಸೂಕ್ಷ್ಮದರ್ಶಕ ಒಂದೇ, ಬಣ್ಣದ ಬಾಟಲಿ ಒಂದೇ, ಪಗಾರ ಮಾತ್ರ ಎರಡು ಯಾಕೆ ಎಂದು ಐದು ವರ್ಷ ಅರ್ಜಿ ಗುಜರಾಯಿಸಿ, ಕಡೆಗೆ ನ್ಯಾಯಮಂಡಳಿಯ ಮೆಟ್ಟಿಲು ಹತ್ತಿದವನು. ಸೇವೆಯಲ್ಲಿ ಹಿರಿಯನೆಂದು ನೀಲಕಂಠನ ಹೆಸರನ್ನು ಮೇಲಿಟ್ಟವನೂ ಅವನೇ. ಆಗ ನೀಲಕಂಠನಿಗೆ ಒಳಗೊಳಗೇ ಹಿಗ್ಗಾಗಿತ್ತು, ಸುಳ್ಳೇಕೆ ಹೇಳಬೇಕು.

ವಕೀಲರು ಕಳಿಸಿದ ಕರಡು ಮೇಜಿನ ಮೇಲೆ, ಸೂಕ್ಷ್ಮದರ್ಶಕದ ಪಕ್ಕದಲ್ಲಿ ಬಿದ್ದಿತ್ತು. ಆರು ಕಲಮುಗಳ ಬಗ್ಗೆ ಅವನ ತಕರಾರಿಲ್ಲ. ನೇಮಕದ ತಾರೀಖು, ಡಿಪ್ಲೊಮಾ, ದಿನಕ್ಕೆ ಇಷ್ಟು ಪರೀಕ್ಷೆ ಎಂಬ ಲೆಕ್ಕ, ಎಲ್ಲ ಸರಿ. ಏಳನೆಯದು ಹೀಗಿತ್ತು: 'ಮನುಷ್ಯರ ರಕ್ತ ಪರೀಕ್ಷಿಸುವ ಕೆಲಸಕ್ಕೂ ಜಾನುವಾರುಗಳ ರಕ್ತ ಪರೀಕ್ಷಿಸುವ ಕೆಲಸಕ್ಕೂ ಬೇಕಾದ ತಿಳಿವಳಿಕೆ, ಕಣ್ಣಿನ ಅಭ್ಯಾಸ ಹಾಗೂ ಹೊಣೆಯಲ್ಲಿ ಯಾವ ವ್ಯತ್ಯಾಸವೂ ಇಲ್ಲ; ಮನುಷ್ಯರ ರಕ್ತವನ್ನು ಕೊಟ್ಟರೂ ನಾನು ಅಷ್ಟೇ ಖಚಿತವಾಗಿ ಓದಬಲ್ಲೆನೆಂದು ಪ್ರಮಾಣ ಮಾಡಿ ಹೇಳುತ್ತೇನೆ.' ಸರ್ಕಾರದ ಆಕ್ಷೇಪಣೆಗೆ ಇದೇ ಉತ್ತರವಂತೆ. ಮನುಷ್ಯನ ಜೀವದ ಹೊಣೆ ಬೇರೆ, ದನದ ಜೀವದ ಹೊಣೆ ಬೇರೆ ಎಂದು ಅವರು ಬರೆದಿದ್ದರು. ಓದಿದ ದಿನ ಗಿರಿಮಲ್ಲಪ್ಪ ಕೆಂಡವಾಗಿದ್ದ. ನೀಲಕಂಠ ಮಾತ್ರ ಆ ಸಾಲನ್ನು ಎರಡೆರಡು ಸಲ ಓದಿದ್ದ. ಯಾಕೆಂದರೆ ಆ ಮಾತನ್ನು ಸರ್ಕಾರಕ್ಕಿಂತ ನಾಲ್ಕು ವರ್ಷ ಮೊದಲೇ ಅವನು ತನ್ನ ಬಾಯಿಂದಲೇ ಆಡಿದ್ದ. ಬನಹಟ್ಟಿಯ ಹಿರೇ ಓಣಿಯಲ್ಲಿ, ಹೆಂಡತಿ ಶೇವಂತಿಯ ಹೆಣದ ಮುಂದೆ, ಮಗ್ಗಗಳನ್ನೆಲ್ಲ ಬಂದ್ ಮಾಡಿದ ಮೌನದಲ್ಲಿ. ಅವಳ ಅಣ್ಣ ಕಾಶಪ್ಪ ಇವನ ಎರಡೂ ಭುಜ ಹಿಡಿದು ಅಲುಗಿಸಿ, "ದಿನಾ ಬೆಳಗಾದ್ರ ರಕ್ತಾ ನೋಡ್ತಿ, ಮನ್ಯಾಗ ಹೆಣ್ತಿ ರಕ್ತ ಕೆಟ್ಟದ್ದ ನಿನಗ ತಿಳೀಲಿಲ್ಲೇನೋ?" ಎಂದು ಅತ್ತಾಗ, ಇವನು ನೆಲ ನೋಡುತ್ತ ಹೇಳಿದ್ದ: "ನಾ ದನದ ರಕ್ತಾ ನೋಡಾಂವ ಅದೇನಿ ಕಾಶಪ್ಪಣ್ಣಾ. ಮನಷ್ಯಾರದು ನನಗೇನ ತಿಳೀತೈತಿ?"

ಕಾಶಪ್ಪನ ಹಿಡಿತ ಸಡಿಲಾಗಿತ್ತು. ಖರೆ ಅನ್ನಿಸಿರಬೇಕು. ಆಮೇಲೆ ಓಣಿಯಲ್ಲಿ ಯಾರೇ ಕೇಳಿದರೂ ಅವನೇ ಹೇಳುತ್ತಿದ್ದ, ಪಾಪ, ಅವನು ದನದ ದವಾಖಾನೆಯವನು, ಅವನಿಗೇನು ಗೊತ್ತು ಎಂದು. ಆ ಪಾಪ ಎಂಬ ಶಬ್ದದ ಮೇಲೆಯೇ ನೀಲಕಂಠ ನಾಲ್ಕು ವರ್ಷ ಊಟ ಮಾಡಿದ. ಮಕ್ಕಳಿಲ್ಲದ ಮನೆ, ಜಮಖಂಡಿಯಲ್ಲಿ ಎರಡು ಕೋಣೆ, ಒಂದು ತಟ್ಟೆ. ಹಬ್ಬ ಬಂದರೆ ಕಾಶಪ್ಪನ ಫೋನು: ಒಬ್ಬನ ಏನ ಮಾಡ್ತಿ, ಬಾ. ಅವನ ಹೆಂಡತಿ ಹೋಳಿಗೆಯ ಮೇಲೆ ತುಪ್ಪ ಸುರಿದು ಸಾಕೆಂದರೂ ಬಿಡುತ್ತಿರಲಿಲ್ಲ. ಇವನನ್ನು ಕೂಡು ಎಂದು ಹೇಳುವ ಮನೆ ಈ ಭೂಮಿಯ ಮೇಲೆ ಅದೊಂದೇ ಉಳಿದಿತ್ತು. ಏಳನೆಯ ಕಲಮಿಗೆ ಸಹಿ ಹಾಕಿದರೆ ಆ ಮನೆಯ ಹೊಸ್ತಿಲ ಮೇಲೆ ಯಾವ ಮುಖ ಇಟ್ಟುಕೊಂಡು ಹೋಗುವುದು? ಬೆಳಗಾವಿಯ ಕಾಗದ ಬನಹಟ್ಟಿಗೆ ಯಾಕೆ ಬರುತ್ತದೆ, ಸಹಿ ಹಾಕಿ ಬಾಯಿ ಮುಚ್ಚಿಕೊಂಡಿದ್ದರಾಯಿತು ಎಂದು ಮನಸ್ಸಿನ ಒಂದು ಮೂಲೆ ಹೇಳಿತು. ಕಚೇರಿಗೊಂದು ಮಾತು, ನೆಂಟರಿಗೊಂದು ಮಾತು, ಜಗತ್ತು ನಡೆಯುವುದೇ ಹಾಗೆ. ಆದರೂ ಅವನು ಕರಡನ್ನು ಮಗುಚಿ ಇಟ್ಟ.

ಹೊರಗೆ ಒಬ್ಬ ರೈತ ಎಮ್ಮೆ ಕಟ್ಟಿ ಬೀಡಿ ಹಚ್ಚಿದ. ಕಬ್ಬು ಹೇರಿದ ಟ್ರ್ಯಾಕ್ಟರು ಹಾಡು ಹಚ್ಚಿಕೊಂಡು ರಸ್ತೆ ತುಂಬ ಹೊರಳಾಡುತ್ತ ಕಾರ್ಖಾನೆಯ ಕಡೆ ಹೋಯಿತು. ನೀಲಕಂಠ ಎಮ್ಮೆಯ ಕಿವಿಯಿಂದ ಒಂದು ಹನಿ ತೆಗೆದು, ಗಾಜಿನ ಮೇಲೆ ಎಳೆದು, ಒಣಗಲು ಇಟ್ಟು, ಕಪಾಟು ತೆರೆದ. ಶೇವಂತಿ ಹೋದ ವರ್ಷದ ರಜಿಸ್ಟರು ಮೇಲೆಯೇ ಇತ್ತು, ಗಿರಿಮಲ್ಲಪ್ಪ ಹೋದ ವಾರ ಝೆರಾಕ್ಸಿಗೆಂದು ಒಯ್ದು ತಂದಿಟ್ಟದ್ದು. ನಮ್ಮ ಕೆಲಸ ಎಷ್ಟು, ಎಂಥದು ಎಂದು ತೋರಿಸಲು ಅದರ ನಾಲ್ಕು ತಿಂಗಳ ಹಾಳೆಗಳನ್ನು ಅರ್ಜಿಗೆ ಲಗತ್ತಿಸಿದ್ದರು. ಎಲ್ಲ ಬಿಟ್ಟು ಅವೇ ನಾಲ್ಕು ತಿಂಗಳು! ನೀಲಕಂಠ ಪುಟ ತಿರುವಬೇಕಾಗಿಯೇ ಇರಲಿಲ್ಲ, ಬೆರಳು ತಾನೇ ಹೋಗಿ ನಿಂತಿತು. ಅನುಕ್ರಮ ಸಂಖ್ಯೆ ಇನ್ನೂರ ಹದಿನಾಲ್ಕು. ಪ್ರಾಣಿ: ಆಕಳು. ಮಾಲೀಕ: ಸ್ವತಃ. ವಯಸ್ಸು: ಮೂವತ್ತೆಂಟು. ಫಲಿತಾಂಶ: ಏನೂ ಇಲ್ಲ.

ಮೂವತ್ತೆಂಟು ವರ್ಷದ ಆಕಳು ಯಾವ ಲೋಕದಲ್ಲಿದೆ? ರಕ್ತ ನೋಡಲು ಇಲಾಖೆಯ ಬಣ್ಣ ಬಳಸಿದ ಮೇಲೆ ರಜಿಸ್ಟರಿನಲ್ಲಿ ಕಾಣಿಸಬೇಕೆಂಬುದು ಅವನ ಇಪ್ಪತ್ತು ವರ್ಷದ ಶಿಸ್ತು. ಪ್ರಾಣಿಯ ಕಾಲಮಿನಲ್ಲಿ ಹೆಂಡತಿ ಎಂದು ಬರೆಯಲಿಕ್ಕಾಗುತ್ತದೆಯೇ? ಆಕಳು ಎಂದು ಬರೆದ. ವಯಸ್ಸಿಗೆ ಬಂದಾಗ ಕೈ ಮರೆತು ಖರೆ ಬರೆಯಿತು. ಕೆಳಗೆ ಡಾಕ್ಟರರ ಸಹಿ ಬಿತ್ತು, ತಪಾಸಣೆಗೆ ಬಂದವರ ಹಸಿರು ಶಾಯಿಯ ಗುರುತು ಬಿತ್ತು, ಗಿರಿಮಲ್ಲಪ್ಪ ಝೆರಾಕ್ಸ್ ಮಾಡಿಸಿದ, ವಕೀಲರು ಪುಟಕ್ಕೆ ನಂಬರು ಹಾಕಿದರು. ಒಬ್ಬನಾದರೂ ಓದಿದನೇ? ಇವರ ಕೆಲಸವನ್ನು ಯಾರೂ ಓದುವುದಿಲ್ಲ, ಅದಕ್ಕೇ ಪಗಾರ ಕಡಿಮೆ ಇದ್ದೀತು. ಅವನಿಗೆ ನಗು ಬಂದು ಅರ್ಧಕ್ಕೆ ನಿಂತಿತು.

ಅವತ್ತು ಶೇವಂತಿ ರೊಟ್ಟಿ ಬಡಿಯುತ್ತಿದ್ದಳು. ಹದಿನೈದು ದಿನದಿಂದ ಬಿಟ್ಟು ಬಿಟ್ಟು ಜ್ವರ, ಮೆಟ್ಟಿಲು ಹತ್ತಿದರೆ ಏದುಸಿರು, ತೋಳಿನ ಮೇಲೆ ಎಲ್ಲೂ ಬಡಿಯದೆಯೇ ನೀಲಿ ಕಂದು ಕಲೆಗಳು. ದವಾಖಾನೆಗೆ ತೋರಿಸಿ ಬರ್ತೇನಿ ಎಂದಳು. "ಅವರೇನ ನೋಡ್ತಾರ? ನಾ ನೋಡ್ತೇನಿ ತಡಿ," ಎಂದು ಇವನೇ ಅವಳ ಹಿಟ್ಟು ಮೆತ್ತಿದ ಬೆರಳು ಒರೆಸಿ ಚುಚ್ಚಿದ್ದ. ಅವಳು ಇನ್ನೊಂದು ಕೈಯಿಂದ ಹಂಚಿನ ಮೇಲಿನ ರೊಟ್ಟಿ ತಿರುವಿದಳು. ಜಮಖಂಡಿಯಿಂದ ಬಸ್ಸಿನಲ್ಲಿ ಅಂಗಿಯ ಕಿಸೆಯಲ್ಲಿ ಆ ಗಾಜನ್ನು ಈ ಹಳ್ಳಿಯ ದನದ ದವಾಖಾನೆಗೆ ತಂದು, ಬಣ್ಣ ಹಾಕಿ, ತೊಳೆದು, ಇದೇ ಸ್ಟೂಲಿನ ಮೇಲೆ ಕೂತು ನೋಡಿದ. ಹುಡುಕಿದ್ದು ಮಲೇರಿಯಾದ ಕ್ರಿಮಿ. ಅದು ಇರಲಿಲ್ಲ. ಇದ್ದದ್ದು ಬೇರೆ. ದೊಡ್ಡ ದೊಡ್ಡ ಬಿಳಿ ಕಣಗಳು, ಕಡುನೇರಳೆ ಬಣ್ಣ ಕುಡಿದು ಗಾಜಿನ ತುಂಬ ಒತ್ತೊತ್ತಾಗಿ ಕೂತಿದ್ದವು. ಮಗ್ಗದ ಮನೆಯಲ್ಲಿ ಹುಟ್ಟಿದ ಕಣ್ಣು ಅವನದು. ಹತ್ತು ಮಾರು ದೂರದಿಂದ ಹರಿದ ಎಳೆ ಹಿಡಿಯುತ್ತಾನೆ ಎಂದು ಅವ್ವ ಓಣಿಯೆಲ್ಲ ಹೇಳಿಕೊಂಡು ತಿರುಗುತ್ತಿದ್ದಳು. ಆ ಕಣ್ಣಿಗೆ ಕಂಡಿತು. ಬಣ್ಣ ಹೆಚ್ಚಾಗಿರಬೇಕು ಎಂದುಕೊಂಡ.

ಗೋಡೆಯಾಚೆಗೇ ಮನುಷ್ಯರ ದವಾಖಾನೆ. ಅಲ್ಲಿ ಮಂಗಲಾ ಇದ್ದಳು, ಡಿಪ್ಲೊಮಾದಲ್ಲಿ ಎರಡು ವರ್ಷ ಇವನ ಪಕ್ಕದ ಬೆಂಚಿನಲ್ಲೇ ಕೂತು ಇವನ ನೋಟ್ಸು ಬರೆದುಕೊಂಡವಳು. ಗಾಜು ಹಿಡಿದುಕೊಂಡು ನೂರು ಹೆಜ್ಜೆ ನಡೆದಿದ್ದರೆ ಸಾಕಿತ್ತು. ಆದರೆ ಅದಕ್ಕೆ ಎಂಟು ದಿನ ಮೊದಲು ಸೂಕ್ಷ್ಮದರ್ಶಕಕ್ಕೆ ಹಾಕುವ ಎಣ್ಣೆ ಮುಗಿದಿದೆಯೆಂದು ಒಂದಿಷ್ಟು ಕೇಳಲು ಅಲ್ಲಿಗೆ ಹೋಗಿದ್ದ. ಬಾಗಿಲಲ್ಲಿದ್ದ ಜವಾನ ಒಳಗೆ ಮುಖ ಮಾಡಿ, "ಮೇಡಮ್ಮಾರ, ದನದ ದವಾಖಾನಿಯಾಂವ ಬಂದಾನ ನೋಡ್ರಿ," ಎಂದು ಕೂಗಿದ. ಸಾಲಿನಲ್ಲಿ ನಿಂತ ಬಸುರಿಯರು ತಿರುಗಿ ನೋಡಿದರು, ಒಬ್ಬಳು ಸೆರಗು ಬಾಯಿಗೆ ಒತ್ತಿ ನಕ್ಕಳು. ಅದೇ ವಾರ ಹೊಸ ವೇತನದ ಪಟ್ಟಿ ಬಂದು ಅವಳಿಗೂ ಇವನಿಗೂ ಇದ್ದ ಅಂತರ ಇನ್ನಷ್ಟು ಅಗಲವಾಗಿತ್ತು. ಮತ್ತೆ ಹೋಗಿ, ಇದೇನೆಂದು ನೋಡು ತಾಯಿ, ನನಗೆ ತಿಳಿಯಲಿಲ್ಲ ಎನ್ನಬೇಕೇ? ಅನ್ನಲಿಲ್ಲ. ಗಾಜನ್ನು ಮರದ ಪೆಟ್ಟಿಗೆಯ ಇನ್ನೂರ ಹದಿನಾಲ್ಕನೆಯ ಸಂದಿಗೆ ತುರುಕಿ ಮನೆಗೆ ಹೋಗಿ ಹೇಳಿದ, "ಏನಿಲ್ಲ ಬಿಡು. ಅಶಕ್ತತನ." ಆರು ವಾರದ ಮೇಲೆ ಅವಳ ಒಸಡಿನಿಂದ ರಕ್ತ ಒಸರತೊಡಗಿತು. ಬೆಳಗಾವಿಯ ಡಾಕ್ಟರರು ತಾವು ತೆಗೆದ ಗಾಜನ್ನೊಮ್ಮೆ ನೋಡಿ, ಇವನನ್ನೊಮ್ಮೆ ನೋಡಿ, ರಕ್ತದ ಕ್ಯಾನ್ಸರು, ಇಷ್ಟು ದಿನ ಏನು ಮಾಡುತ್ತಿದ್ದಿರಿ ಎಂದರು. ಹಗಲು ಕಂಡ ಬಾವಿಗೆ ಇರುಳು ಬಿದ್ದದ್ದು ಅಂದರೆ ಇದೇ. ಬಿದ್ದವಳು ಮಾತ್ರ ಬೇರೆ.

ಎಮ್ಮೆಯ ಗಾಜಿನಲ್ಲಿ ಉಣ್ಣೆಹುಳದ ಕಡಿತದಿಂದ ಬರುವ ಕ್ರಿಮಿ ಇತ್ತು. ಬರೆದುಕೊಟ್ಟ. ಎಮ್ಮೆ ಬದುಕುತ್ತದೆ. ಆಮೇಲೆ ಪೆಟ್ಟಿಗೆಯಿಂದ ಇನ್ನೂರ ಹದಿನಾಲ್ಕನ್ನು ತೆಗೆದು, ಕಾಗದದಲ್ಲಿ ಸುತ್ತಿ ಅಂಗಿಯ ಕಿಸೆಗೆ ಹಾಕಿಕೊಂಡು ಗೋಡೆಯಾಚೆಗೆ ನಡೆದ. ಹೇಗೂ ಹೋಗಬೇಕಾಗಿತ್ತು. ಆರೋಗ್ಯ ಇಲಾಖೆಯ ಟೆಕ್ನಿಶಿಯನ್ನರ ಕೆಲಸದ ಪಟ್ಟಿಯ ಪ್ರತಿ ಬೇಕೆಂದು ಗಿರಿಮಲ್ಲಪ್ಪ ಕೇಳಿದ್ದ, ಮಂಗಲಾ ಕೊಡುತ್ತೇನೆಂದು ಒಪ್ಪಿದ್ದಳು. ಇವತ್ತು ಬಾಗಿಲಲ್ಲಿ ಜವಾನ ಇರಲಿಲ್ಲ. ಕೂಗುವವರಿಲ್ಲದಿದ್ದರೂ ಅವನ ಕಿವಿ ಆ ಕೂಗಿಗಾಗಿ ಕಾದಿತ್ತು.

"ಬರ್ರಿ ನೀಲಕಂಠ. ಎಷ್ಟ ವರ್ಷ ಆತ್ರಿ ಈ ಕಡೆ ಹಾದು!" ಮಂಗಲಾಳ ಕೂದಲು ಬೆಳ್ಳಗಾಗಿತ್ತು. ಡ್ರಾವರಿನಿಂದ ಕಾಗದ ತೆಗೆದು ಕೊಟ್ಟಳು. "ತಗೋರಿ, ಡಾಕ್ಟರ ಕಡಿಂದ ಸಹಿ ಮಾಡಿಸೇ ಇಟ್ಟೇನಿ. ನಮ್ಮಷ್ಟ ನಿಮಗೂ ಬರಲಿ. ನಾವೇನ ಬ್ಯಾರೆ ಕಲ್ತೀವೇನು? ನನ್ನಕಿಂತ ನಿಮ್ಮ ಕಣ್ಣ ಚುರುಕ ಇತ್ತು, ಸರ್ ಯಾವಾಗ್ಲೂ ಅಂತಿದ್ರು."

ಇಷ್ಟು ವರ್ಷ ಅವಳನ್ನು ಹಗೆಯೆಂದು ಸಾಕಿಕೊಂಡು ಬಂದದ್ದು ಯಾವ ಪುರುಷಾರ್ಥಕ್ಕೆ? ನೀಲಕಂಠ ಕಿಸೆಯ ಕಾಗದ ಬಿಚ್ಚಿದ. "ಇದೊಂದ ನೋಡ್ತೀರೇನ್ರಿ?"

"ದನದ್ದು ನನಗೇನ ತಿಳೀತೈತ್ರಿ ಮಾರಾಯ್ರ?" ಎಂದು ನಗುತ್ತಲೇ ಅವಳು ಗಾಜನ್ನು ಇಟ್ಟು, ಎಣ್ಣೆಯ ಹನಿ ಬಿಟ್ಟು, ಕಣ್ಣು ಕೊಟ್ಟಳು. ನಗು ಹೋಯಿತು. ಬೆರಳು ತಿರುಗಣಿಯ ಮೇಲೆ ನಿಧಾನವಾಯಿತು. "ದನದ್ದಲ್ಲ ಇದು."

"ಅಲ್ರಿ."

"ಯಾರದ್ರಿ? ವಯಸ್ಸೆಷ್ಟು?"

"ಮೂವತ್ತೆಂಟು. ಹೆಣ್ಮಗಳು."

"ಜ್ವರ ಬರತಾವೇನು? ಮೈಮ್ಯಾಲ ಕಂದ ಕಾಣತಾವೇನು?"

"ಹೂಂರಿ. ತೋಳಿನ ಮ್ಯಾಲ."

"ಅಯ್ಯ ದೇವರ! ಇಲ್ಲಿ ಕುಂದ್ರಬ್ಯಾಡ್ರಿ ನೀವು, ಮದ್ಲ ಆಕೀನ್ನ ಬೆಳಗಾವಿಗೆ ಕಳಸ್ರಿ. ನಾಳೆ ಅನಬ್ಯಾಡ್ರಿ, ಇವತ್ತ. ಬರೇ ಅವ ಅದಾವು, ದೊಡ್ಡ ದೊಡ್ಡ ಕಣಾ. ಈಗ ಔಷಧಾ ಚಾಲೂ ಮಾಡಿದ್ರ ಉಳೀಲಿಕ್ಕೆ ಸಾಕು." ಅವಳು ಕಣ್ಣು ತೆಗೆಯದೆಯೇ ಗದರಿದಳು. "ಇದ ನಿಮಗ ಕಾಣಲಿಲ್ಲೇನ್ರಿ? ಕಾಣದ ಇರಾಕ ಇದೇನ ಸಾಸಿವಿ ಕಾಳೇನು?"

"ಕಂಡಿತ್ತರಿ," ಎಂದ ನೀಲಕಂಠ.

ನಾಲ್ಕು ವರ್ಷದಲ್ಲಿ ಮೊದಲ ಸಲ ಆ ಮಾತು ಅವನ ಬಾಯಿಂದ ಹೊರಗೆ ಬಂದಿತ್ತು. ಮಂಗಲಾ ಇನ್ನೊಮ್ಮೆ ತಿರುಗಣಿ ತಿರುಗಿಸಿದಳು. "ಬಣ್ಣ ಯಾಕೋ ಮಾಸೇತಿ. ಹಳೇದೇನ್ರಿ ಇದು?" ಎಂದು ತಲೆ ಎತ್ತಿ ಅವನ ಮುಖ ನೋಡಿದಳು. ಶೇವಂತಿ ಹೋದ ಸುದ್ದಿ ಅವಳಿಗೂ ಆಗ ಮುಟ್ಟಿರಬೇಕು. ಗಾಜನ್ನು ತೆಗೆದು, ಅರಿವೆಯಿಂದ ಎಣ್ಣೆ ಒರೆಸಿ, ಅದೇ ಕಾಗದದಲ್ಲಿ ಸುತ್ತಿ ಅವನ ಅಂಗೈಯಲ್ಲಿಟ್ಟಳು. ಹೊರಗೆ ಯಾರೋ, ನಮ್ಮ ರಿಪೋರ್ಟ್ ಆತೇನ್ರಿ ಬಾಯಾರ ಎಂದು ಕೇಳುತ್ತಿದ್ದರು. ಅವಳು ಒಂದು ನಿಮಿಷ ಕೂಡ ತೆಗೆದುಕೊಂಡಿರಲಿಲ್ಲ ಎಂಬುದೊಂದೇ ಅವನ ತಲೆಯಲ್ಲಿ ಸುತ್ತುತ್ತಿತ್ತು. ತನಗೂ ಅಷ್ಟೇ ಹಿಡಿದಿತ್ತು. ವ್ಯತ್ಯಾಸವಿಲ್ಲ ಎಂದು ವಕೀಲರು ಬರೆದದ್ದು ಖರೆಯೇ ಆಗಿತ್ತು.

ಕೋರ್ಟಿನ ಆವರಣದ ಬೇವಿನ ಗಿಡದ ಕೆಳಗೆ ಗಿರಿಮಲ್ಲಪ್ಪ ಗಡಿಯಾರ ನೋಡುತ್ತ ನಿಂತಿದ್ದ. ನೀಲಕಂಠನನ್ನು ಕಂಡವನೇ, "ಬಂದ್ರಲ್ಲ ಸರ! ನನ್ನ ಜೀವ ಹೋಗಿ ಬಂತ ನೋಡ್ರಿ," ಎಂದು ಕೈ ಹಿಡಿದುಕೊಂಡ. ಅವನ ಮಗಳಿಗೆ ಈ ವರ್ಷ ನರ್ಸಿಂಗ್ ಕಾಲೇಜು, ಮುಧೋಳದ ಪರಸಪ್ಪನಿಗೆ ನಿವೃತ್ತಿಗೆ ಎಂಟು ತಿಂಗಳು, ಒಬ್ಬೊಬ್ಬರಿಗೂ ಒಂದೊಂದು ಆಸೆ ಈ ಕಾಗದದಲ್ಲಿತ್ತು. ನೋಟರಿ ಕನ್ನಡಕದ ಮೇಲಿನಿಂದ ನೋಡಿ ಯಾಂತ್ರಿಕವಾಗಿ ಕೇಳಿದರು: "ಓದೀರಿ? ಇದರಾಗ ಬರದದ್ದೆಲ್ಲಾ ಖರೆ ಐತಿ?" ದಿನಕ್ಕೆ ನಲವತ್ತು ಸಲ ಕೇಳುವ ಪ್ರಶ್ನೆ, ಉತ್ತರಕ್ಕೆ ಕಾಯದೆ ಅವರ ಕೈ ಆಗಲೇ ಮೊಹರಿನ ಶಿಕ್ಕಾ ಎತ್ತಿತ್ತು. "ಏಳನೇದು ಖರೆ ಐತ್ರಿ," ಎಂದ ನೀಲಕಂಠ. "ಉಳದದ್ದು?" ಎಂದು ಅವರು ಹುಬ್ಬು ಹಾರಿಸಿದರು. ಗಿರಿಮಲ್ಲಪ್ಪ ಗಾಬರಿಯಾಗಿ, "ಎಲ್ಲಾ ಖರೆ ಐತ್ರಿ ಸಾಹೇಬ್ರ, ಚ್ಯಾಷ್ಟಿ ಮಾಡ್ತಾರ ನಮ್ಮ ಸರ," ಎಂದು ನಕ್ಕ. ನೀಲಕಂಠ ಸಹಿ ಮಾಡಿದ. ಪ್ರಮಾಣಪತ್ರದ ಒಂದು ಪ್ರತಿ, ರಜಿಸ್ಟರಿನ ಆ ಹಾಳೆಯ ಒಂದು ಪ್ರತಿ ಕೇಳಿ ಇಸಿದುಕೊಂಡ. ನಿಮಗ್ಯಾಕ್ರಿ ಎಂದು ಗಿರಿಮಲ್ಲಪ್ಪ ಕೇಳಲಿಲ್ಲ, ಬೆಳಗಾವಿಯ ಬಸ್ಸು ಬಂದಿತ್ತು.

ಬನಹಟ್ಟಿಗೆ ಇಳಿದಾಗ ಬಿಸಿಲು ಇಳಿಯುತ್ತಿತ್ತು. ಓಣಿಗೆ ಕಾಲಿಟ್ಟರೆ ಎರಡೂ ಕಡೆಯ ಮನೆಗಳಿಂದ ಮಗ್ಗದ ಸದ್ದು. ಹುಟ್ಟಿದಾಗಿನಿಂದ ಕೇಳಿದ ಸದ್ದು, ಇವತ್ತು ಎದೆಗೆ ಬಡಿಯಿತು. ತಿರುಗಿ ಹೋಗಿಬಿಡಲೇ ಎಂದು ಎರಡು ಸಲ ನಿಂತ. ಕಾಶಪ್ಪ ಆರು ಮಗ್ಗಗಳ ನಡುವೆ, ಬನಿಯನ್ನಿನ ಮೇಲೆ ನೂಲಿನ ಧೂಳು ಹೊತ್ತು ನಿಂತಿದ್ದ. ಇವನ ಕೈಯಲ್ಲಿ ಕಾಗದ ಕಂಡು ಮುಖ ಅರಳಿಸಿ ಸದ್ದಿನ ಮೇಲೆ ಕೂಗಿದ: "ಏನೋ, ಕೇಸ್ ಗೆದ್ರೇನು? ಪಗಾರ ಹೆಚ್ಚಾತೇನು? ಏ, ಚಾ ಮಾಡ ಬೇ, ನೀಲಕಂಠ ಬಂದಾನ!"

"ಓದ ಕಾಶಪ್ಪಣ್ಣಾ," ಎಂದು ನೀಲಕಂಠ ಎರಡೂ ಹಾಳೆ ಕೊಟ್ಟ.

ಪ್ರಮಾಣಪತ್ರದ ಮೇಲೆ ಕಣ್ಣಾಡಿಸಿ ಕಾಶಪ್ಪ ತಲೆದೂಗಿದ. ಕೋರ್ಟಿನ ಭಾಷೆ ಅವನಿಗೆ ಬೇಡವಾಗಿತ್ತು. ಎರಡನೆಯ ಹಾಳೆಯನ್ನು ಬೆಳಕಿಗೆ ಹಿಡಿದು, ಬಟ್ಟೆಯಲ್ಲಿ ತಪ್ಪು ಎಳೆ ಹುಡುಕುವ ರೂಢಿಯಂತೆ ತೋರುಬೆರಳನ್ನು ಸಾಲಿನಿಂದ ಸಾಲಿಗೆ ಇಳಿಸುತ್ತ ಬಂದ. ಬೆರಳು ನಿಂತಿತು. "ಮೂವತ್ತೆಂಟ ವರ್ಷದ ಆಕಳಾ?" ಎಂದು ನಕ್ಕ. "ಎಂಥಾ ಮಂದಿ ಅದೀರೋ ನೀವು! ಯಾವ ಆಕಳಪಾ ಮೂವತ್ತೆಂಟ ವರ್ಷ..." ಬೆರಳು ಹಿಂದಕ್ಕೆ ಹೋಗಿ ಮಾಲೀಕನ ಕಾಲಮಿಗೆ ಬಂತು. ಅಲ್ಲಿಂದ ತಾರೀಖಿಗೆ ಹೋಯಿತು. ತಂಗಿ ಹುಟ್ಟಿದ ವರ್ಷ, ತಂಗಿ ಸತ್ತ ವರ್ಷ, ಅಣ್ಣನಾದವನಿಗೆ ಗೊತ್ತಿಲ್ಲದ ಲೆಕ್ಕವೇ? ಡಾಕ್ಟರು, ತಪಾಸಣೆಯವರು, ವಕೀಲರು ಯಾರೂ ಹಿಡಿಯದ್ದನ್ನು ಆರನೇ ಇಯತ್ತೆ ಓದಿದ ನೇಕಾರ ಹಿಡಿದಿದ್ದ. ಅವನು ಹೋಗಿ ಮೇನ್ ಸ್ವಿಚ್ ಇಳಿಸಿದ. ಮಗ್ಗಗಳು ಒಂದೊಂದಾಗಿ ನಿಂತವು.

"ನೋಡಿದ್ದಿ ನೀ," ಎಂದ ಕಾಶಪ್ಪ.

"ಹೂಂ."

"ಕಂಡಿತ್ತು?"

"ಕಂಡಿತ್ತು ಕಾಶಪ್ಪಣ್ಣಾ. ಒಂದ ನಿಮಿಷದಾಗ ಕಂಡಿತ್ತು. ಬಾಜೂದಾಗ ಮನಷ್ಯಾರ ದವಾಖಾನಿ ಇತ್ತು, ಕೇಳಾಕ ಮಾನ ಅಡ್ಡ ಬಂತು. ಅವತ್ತ ನಿನ್ನ ಮುಂದ ದನದಾಂವ ಅಂದದ್ದು ಸುಳ್ಳು."

ಬೈಯುತ್ತಾನೆ, ಹೊಡೆಯುತ್ತಾನೆ ಎಂದು ನೀಲಕಂಠ ಕಾದ. ಹೊಡೆದರೆ ಚಲೋ ಆಗುತ್ತಿತ್ತು. ಕಾಶಪ್ಪ ನೂಲಿನ ಗಂಟಿನ ಮೇಲೆ ಕುಸಿದು ಕೂತ. ಅವನ ಹೆಂಡತಿ ಚಹಾದ ಎರಡು ಕಪ್ಪುಗಳನ್ನು ಹಿಡಿದು ಬಂದವಳು ಬಾಗಿಲಲ್ಲೇ ನಿಂತಳು. ಇಷ್ಟು ಹೊತ್ತಿನಲ್ಲಿ ಮಗ್ಗ ಯಾಕೆ ನಿಂತವು ಎಂದು ಓಣಿಯಿಂದ ಯಾರೋ ಕೇಳಿದರು.

"ಆಕಿಗರೆ ಏನ ಹೇಳಿದಿ?" ಕಾಶಪ್ಪನ ದನಿ ಬಹಳ ಸಣ್ಣಗಿತ್ತು. "ಆಕಿಗೆ ಸಂಶೆ ಬರಲಿಲ್ಲೇನು?"

"ಏನಿಲ್ಲ ಬಿಡು ಅಂದ್ನಿ." ನೀಲಕಂಠನಿಗೆ ಆ ಅಡುಗೆಮನೆ, ಹಿಟ್ಟಿನ ಕೈ, ಬೆರಳಿಗೆ ಸುತ್ತಿದ ಹತ್ತಿ ಎಲ್ಲ ಕಣ್ಣಿಗೆ ಕಟ್ಟಿತು. "ಯಾಕ ಸಂಶೆ ಬರತೈತಿ ಆಕಿಗೆ? ನೀವ ನೋಡೀರಿ ಅಂದ್ಮ್ಯಾಲ ಆತ ಬಿಡ್ರಿ, ಆ ದವಾಖಾನಿಯವರು ನಿಮ್ಮಕಿಂತ ಹೆಚ್ಚೇನು ಅಂದ್ಲು."

ಕಾಶಪ್ಪ ಹಾಳೆಯನ್ನು ನಾಲ್ಕು ಮಡಿಕೆ ಮಾಡಿ ತನ್ನ ಬನಿಯನ್ನಿನೊಳಗೆ ಇಟ್ಟುಕೊಂಡ. ಪ್ರಮಾಣಪತ್ರವನ್ನು ತಿರುಗಿ ಕೊಟ್ಟ. "ಇದನ್ನ ತಗೊಂಡ ಹೋಗು," ಎಂದ. ಕೂಡು ಎನ್ನಲಿಲ್ಲ. ಎದ್ದು ಸ್ವಿಚ್ ಹಾಕಿದ. ಆರೂ ಮಗ್ಗ ಒಮ್ಮೆಗೇ ಶುರುವಾದವು. ನೀಲಕಂಠ ಮತ್ತೇನೋ ಹೇಳಿದ, ಅದು ಅವನಿಗೇ ಕೇಳಿಸಲಿಲ್ಲ. ಚಹಾದ ಕಪ್ಪುಗಳು ಹೊಸ್ತಿಲ ಮೇಲಿದ್ದವು, ಅವನ್ನು ದಾಟಿ ಅವನು ಹೊರಗೆ ಬಂದ.